ಹತ್ತು ಸೆಂಟ್ ಕಡಿಮೆ ಬಿದ್ದರೆ: ಚಾಪ್ಲಿನ್ ಅವರ ‘ದಿ ಇಮಿಗ್ರೆಂಟ್’

ಹಾಸ್ಯಚಿತ್ರಗಳಲ್ಲಿ ಹಣದ ಮುಗ್ಗಟ್ಟು ಸಾಮಾನ್ಯವಾಗಿ ಕಥೆಗೆ ಒಂದು ನೆಪವಾಗಿ ಬಂದು ಹೋಗುತ್ತದೆ. ನಾಯಕನ ಜೇಬು ಬರಿದಾಗಿದೆ ಎಂದು ಮೊದಲ ದೃಶ್ಯದಲ್ಲೇ ತಿಳಿಸಿ, ಆಮೇಲೆ ಓಡುವುದು, ಬೀಳುವುದು, ಬಡಿದಾಡುವುದರ ಕಡೆಗೆ ಚಿತ್ರ ಹೊರಳಿಬಿಡುತ್ತದೆ. ಅವನಿಗೆ ನಿಜವಾಗಿ ಎಷ್ಟು ಹಣ ಬೇಕಾಗಿತ್ತು, ಕೈಯಲ್ಲಿ ಎಷ್ಟಿತ್ತು, ಎಷ್ಟು ಕಡಿಮೆ ಬಿತ್ತು ಎಂಬ ಲೆಕ್ಕವನ್ನು ಯಾರೂ ಇಡುವುದಿಲ್ಲ. ಚಾರ್ಲಿ ಚಾಪ್ಲಿನ್ ಅವರು 1917ರಲ್ಲಿ ಮಾಡಿದ ‘ದಿ ಇಮಿಗ್ರೆಂಟ್’ ಎಂಬ ಮೂಕಿ ಚಿತ್ರ ಈ ವಿಷಯದಲ್ಲಿ ಬೇರೆಯೇ ದಾರಿ ಹಿಡಿಯುತ್ತದೆ. ಎರಡು ರೀಲಿನ, ಸುಮಾರು 25 ನಿಮಿಷಗಳ ಈ ಚಿತ್ರದಲ್ಲಿ ಹಣ ಯಾರ ಕೈಯಿಂದ ಯಾರ ಕೈಗೆ ಹೋಯಿತು, ಎಲ್ಲಿ ಬಿತ್ತು, ಯಾರು ಎತ್ತಿಕೊಂಡರು, ಕೊನೆಗೆ ಎಲ್ಲಿ ಸೇರಿತು ಎಂಬುದೆಲ್ಲ ನಮ್ಮ ಕಣ್ಣೆದುರೇ ನಡೆಯುತ್ತದೆ. ಚಿತ್ರದ ನಗೆಯೆಲ್ಲ ಹುಟ್ಟುವುದು ಈ ಜಾಡಿನಿಂದ. ಹಣವಿಲ್ಲದವನ ಭಯವನ್ನು ಇಷ್ಟು ನಿಖರವಾಗಿ ಹಿಡಿದಿಟ್ಟ ಇನ್ನೊಂದು ಹಾಸ್ಯಚಿತ್ರವನ್ನು ಆ ಕಾಲದಲ್ಲಿ ನಾನು ಕಂಡಿಲ್ಲ.

1917ರ ಜೂನ್ 17ರಂದು ಬಿಡುಗಡೆಯಾದ ಈ ಚಿತ್ರ, ಮ್ಯೂಚುವಲ್ ಫಿಲ್ಮ್ ಕಾರ್ಪೊರೇಷನ್‌ಗಾಗಿ ಚಾಪ್ಲಿನ್ ಮಾಡಿಕೊಟ್ಟ 12 ಚಿತ್ರಗಳ ಸಾಲಿನಲ್ಲಿ 11ನೆಯದು. ಬರಿಗೈಯವನ ಪಾತ್ರವನ್ನು ಮಾಡುತ್ತಿದ್ದಾಗ ಚಾಪ್ಲಿನ್ ಅವರ ಸ್ವಂತ ಸಂಪಾದನೆ ಎಷ್ಟಿತ್ತು ಎಂಬುದನ್ನು ಇಲ್ಲಿ ಹೇಳಲೇಬೇಕು. 1914ರಲ್ಲಿ ಕೀಸ್ಟೋನ್ ಕಂಪನಿಯಲ್ಲಿ ವಾರಕ್ಕೆ 150 ಡಾಲರ್ ಪಡೆಯುತ್ತಿದ್ದ ಅವರು ಮರುವರ್ಷ ಎಸ್ಸನೇ ಕಂಪನಿಯಲ್ಲಿ ವಾರಕ್ಕೆ 1,250 ಡಾಲರ್ ಪಡೆದರು. 1916ರ ಮ್ಯೂಚುವಲ್ ಒಪ್ಪಂದದಲ್ಲಿ ವಾರಕ್ಕೆ 10,000 ಡಾಲರ್ ಸಂಬಳವೂ ಅದರ ಮೇಲೆ 1,50,000 ಡಾಲರ್ ಬೋನಸ್ಸೂ ಸೇರಿ, ಒಟ್ಟು ಮೊತ್ತ 6,70,000 ಡಾಲರಿಗೆ ಏರಿತು. ಹೆನ್ರಿ ಫೋರ್ಡ್ ತನ್ನ ಕಾರ್ಖಾನೆಯ ಕಾರ್ಮಿಕರಿಗೆ ದಿನಕ್ಕೆ 5 ಡಾಲರ್ ಕೊಡುವುದಾಗಿ 1914ರಲ್ಲಿ ಘೋಷಿಸಿದ್ದೇ ಅಮೆರಿಕದಲ್ಲೆಲ್ಲ ದೊಡ್ಡ ಸುದ್ದಿಯಾಗಿದ್ದ ಕಾಲವದು. ಒಪ್ಪಂದಕ್ಕೆ ಸಹಿ ಹಾಕಿದಾಗ ಚಾಪ್ಲಿನ್ ಅವರಿಗಿನ್ನೂ 26 ವರ್ಷ. ಅದಕ್ಕೆ ಇಪ್ಪತ್ತು ವರ್ಷ ಮೊದಲು, 1896ರಲ್ಲಿ, ತಾಯಿ ಹಾನಾ ಮತ್ತು ಅಣ್ಣ ಸಿಡ್ನಿಯೊಂದಿಗೆ ಅವರು ಲಂಡನ್ನಿನ ಲ್ಯಾಂಬೆತ್ ಬಡವರ ಆಶ್ರಯಮನೆಯನ್ನು ಸೇರಬೇಕಾಗಿ ಬಂದಿತ್ತು. ಅಣ್ಣನ ಒಂದೇ ಒಂದು ಒಳ್ಳೆಯ ಸೂಟನ್ನು ತಾಯಿ ವಾರದ ಮೊದಲಲ್ಲಿ ಗಿರವಿ ಇಟ್ಟು ವಾರದ ಕೊನೆಯಲ್ಲಿ ಬಿಡಿಸಿಕೊಳ್ಳುತ್ತಿದ್ದ ಸಂಗತಿಯನ್ನು ಅವರು ಆತ್ಮಕಥೆಯಲ್ಲಿ ಬರೆದಿದ್ದಾರೆ. ಚಿಲ್ಲರೆ ಕಾಸು ಕೂಡ ಒಂದು ದಿನದ ಬದುಕನ್ನು ಹೇಗೆ ಬದಲಿಸಬಲ್ಲದು ಎಂಬುದನ್ನು ಅವರು ಯಾರಿಂದಲೂ ಕೇಳಿ ತಿಳಿಯಬೇಕಾಗಿರಲಿಲ್ಲ. ಈ ಚಿತ್ರದಲ್ಲಿ ಮೈ ನಡುಗುವ ಜಾಗಗಳೆಲ್ಲ ಅಲ್ಲಿಂದ ಬಂದವು ಎಂದು ನಾನು ನಂಬಿದ್ದೇನೆ.

ಕಥೆ ಎರಡು ಭಾಗಗಳಲ್ಲಿದೆ. ಮೊದಲನೆಯದು ಅಮೆರಿಕದ ಕಡೆಗೆ ಹೊರಟ ವಲಸಿಗರ ಹಡಗಿನಲ್ಲಿ, ಎರಡನೆಯದು ದಡ ಸೇರಿದ ಮೇಲೆ ಒಂದು ಅಗ್ಗದ ಹೋಟೆಲಿನಲ್ಲಿ. ಹಡಗಿನ ಭಾಗ ಪ್ರಸಿದ್ಧವಾದ ಒಂದು ಚೇಷ್ಟೆಯಿಂದ ಆರಂಭವಾಗುತ್ತದೆ. ಚಾರ್ಲಿ ನಮಗೆ ಬೆನ್ನು ಹಾಕಿ ಹಡಗಿನ ಕಟಕಟೆಯಿಂದ ಆಚೆಗೆ ಬಾಗಿದ್ದಾನೆ, ಭುಜಗಳು ಒದ್ದಾಡುತ್ತಿವೆ, ಪಾಪ, ವಾಂತಿ ಮಾಡುತ್ತಿದ್ದಾನೆ ಎಂದುಕೊಳ್ಳುವಷ್ಟರಲ್ಲಿ ಅವನು ಈಚೆಗೆ ತಿರುಗುತ್ತಾನೆ, ಕೈಯಲ್ಲೊಂದು ಮೀನು ಇರುತ್ತದೆ. ಅನಂತರ ಹಡಗು ಅತ್ತಿತ್ತ ಓಲಾಡುವುದು, ಊಟದ ಮೇಜಿನ ಮೇಲೆ ಒಂದೇ ಸೂಪಿನ ತಟ್ಟೆ ಇಬ್ಬರ ನಡುವೆ ಜಾರಾಡುವುದು ಮುಂತಾದವು ಬರುತ್ತವೆ. ಇವು ಚೆನ್ನಾಗಿವೆ, ಮಕ್ಕಳಿಗೆ ಬಹಳ ಹಿಡಿಸುತ್ತವೆ. ಆದರೆ ಆ ಕಾಲದ ಬೇರೆ ಹಾಸ್ಯನಟರೂ ಇಂಥದ್ದನ್ನು ಮಾಡಬಲ್ಲವರಾಗಿದ್ದರು.

ಚಿತ್ರ ತನ್ನ ನಿಜವಾದ ದಾರಿಗೆ ಬರುವುದು ಹಡಗಿನ ಮೇಲೆ ಜೂಜು ಶುರುವಾದಾಗ. ಚಾರ್ಲಿ ಮೊದಲ ಆಟದಲ್ಲಿ ಒಬ್ಬ ಒರಟನಿಂದ ಹಣ ಗೆಲ್ಲುತ್ತಾನೆ. ಸೋತವನು ಮತ್ತೆ ಆಡಲು ಹಣವಿಲ್ಲದೆ, ನಿದ್ದೆ ಹೋಗಿದ್ದ ಒಬ್ಬ ವೃದ್ಧ ವಲಸಿಗ ಹೆಂಗಸಿನ ಹಣದ ಗಂಟನ್ನು ಕದಿಯುತ್ತಾನೆ, ಅದನ್ನೇ ಪಣಕ್ಕಿಡುತ್ತಾನೆ, ಅದನ್ನೂ ಚಾರ್ಲಿಗೆ ಸೋಲುತ್ತಾನೆ. ಆ ವೃದ್ಧೆಯ ಮಗಳ ಪಾತ್ರದಲ್ಲಿ ಎಡ್ನಾ ಪರ್ವಿಯನ್ಸ್ ಇದ್ದಾರೆ. ತಾಯಿ ಮಗಳು ಅಳುತ್ತಿರುವುದನ್ನು ಕಂಡು, ಅವರ ಹಣ ಕಳವಾಗಿದೆ ಎಂದು ತಿಳಿದ ಚಾರ್ಲಿ ತಾನು ಗೆದ್ದ ನೋಟುಗಳನ್ನು ಹುಡುಗಿಗೆ ಗೊತ್ತಾಗದಂತೆ ಅವಳ ಜೇಬಿಗೆ ಸೇರಿಸುತ್ತಾನೆ. ತಾನು ಕೊಡುತ್ತಿರುವುದು ಅವಳದೇ ಹಣ ಎಂಬುದು ಅವನಿಗೆ ಗೊತ್ತಿಲ್ಲ. ಅದು ಗೊತ್ತಿರುವುದು ನೋಡುವ ನಮಗೆ ಮಾತ್ರ.

ಮುಂದಿನ ಕೆಲವು ಕ್ಷಣಗಳನ್ನು ನಿಧಾನವಾಗಿ ನೋಡಬೇಕು. ಎಲ್ಲವನ್ನೂ ಕೊಟ್ಟ ಮೇಲೆ ಚಾರ್ಲಿ ಅರೆಗಳಿಗೆ ನಿಲ್ಲುತ್ತಾನೆ. ದಡ ಸೇರಿದ ಮೇಲೆ ತನ್ನ ಗತಿಯೇನು ಎಂಬ ಯೋಚನೆ ಅವನ ಮುಖದಲ್ಲಿ ಹಾದುಹೋಗುತ್ತದೆ. ಕೈಯನ್ನು ಮತ್ತೆ ಅವಳ ಜೇಬಿನೊಳಗೆ ಬಿಟ್ಟು ಕಟ್ಟನ್ನು ತೆಗೆದು, ಸ್ವಲ್ಪವನ್ನು ತನಗೆಂದು ಎಣಿಸಿಕೊಂಡು, ಉಳಿದದ್ದನ್ನು ಮತ್ತೆ ಅಲ್ಲೇ ಇಡುತ್ತಾನೆ. ಇದನ್ನು ಹಡಗಿನ ಅಧಿಕಾರಿ ನೋಡುತ್ತಾನೆ, ಜೇಬುಗಳ್ಳನೆಂದು ಹಿಡಿಯುತ್ತಾನೆ. ಉದಾರತೆಯನ್ನು ತೋರಿಸುವ ಸಿನಿಮಾ ದೃಶ್ಯಗಳು ಸಾವಿರ ಇವೆ, ಅವುಗಳಲ್ಲಿ ಹೆಚ್ಚಿನವು ಕೊಡುವವನನ್ನು ದೇವರಾಗಿಸುತ್ತವೆ. ಇಲ್ಲಿ ಕೊಡುವವನೂ ನಾಳೆ ಊಟ ಮಾಡಬೇಕಾದ ಮನುಷ್ಯ. ಕೊಟ್ಟದ್ದರಲ್ಲಿ ಸ್ವಲ್ಪ ಹಿಂದಕ್ಕೆ ತೆಗೆದುಕೊಂಡದ್ದರಿಂದ ಅವನ ದೊಡ್ಡತನ ಕುಗ್ಗುವುದಿಲ್ಲ. ಎಷ್ಟು ಕಷ್ಟದಲ್ಲಿ ಅವನು ಕೊಡುತ್ತಿದ್ದಾನೆ ಎಂಬುದು ಆಗಲೇ ನಮಗೆ ಅರಿವಾಗುವುದು. ಹುಡುಗಿ ತನ್ನ ಜೇಬಿನಲ್ಲಿ ಹಣ ಇರುವುದನ್ನು ಕಂಡು ಚಾರ್ಲಿಯನ್ನು ಆರೋಪದಿಂದ ಪಾರು ಮಾಡುತ್ತಾಳೆ. ಹಣವಂತೂ ತಾಯಿಯಿಂದ ಕಳ್ಳನಿಗೆ, ಕಳ್ಳನಿಂದ ಚಾರ್ಲಿಗೆ, ಚಾರ್ಲಿಯಿಂದ ಮಗಳಿಗೆ ಹೀಗೆ ಒಂದು ಸುತ್ತು ಹೊಡೆದು ತನ್ನ ಮನೆಗೇ ಬಂದು ಸೇರುತ್ತದೆ.

ಅಷ್ಟರಲ್ಲಿ ಹಡಗು ನ್ಯೂಯಾರ್ಕ್ ತಲುಪಿರುತ್ತದೆ. ಸ್ವಾತಂತ್ರ್ಯದ ನಾಡಿಗೆ ಆಗಮನವಾಯಿತೆಂದು, ಮೂಕಿ ಚಿತ್ರಗಳಲ್ಲಿ ದೃಶ್ಯಗಳ ನಡುವೆ ಬರುವ ಬರಹದ ಫಲಕ ಸಾರುತ್ತದೆ, ಎಲ್ಲರೂ ಸ್ವಾತಂತ್ರ್ಯ ದೇವಿಯ ಪ್ರತಿಮೆಯತ್ತ ಕಣ್ಣು ನೆಟ್ಟು ನಿಲ್ಲುತ್ತಾರೆ, ಆ ಹೊತ್ತಿಗೇ ಅಧಿಕಾರಿಗಳು ಒಂದು ಹಗ್ಗ ಎಳೆದು ಅವರನ್ನೆಲ್ಲ ಒತ್ತಟ್ಟಿಗೆ ತಳ್ಳಿ ಕೂಡಿಹಾಕುತ್ತಾರೆ. ಚಾರ್ಲಿ ಅವಕಾಶ ನೋಡಿ ಒಬ್ಬ ಅಧಿಕಾರಿಗೆ ಹಿಂದಿನಿಂದ ಒದೆ ಕೊಡುತ್ತಾನೆ. ಚಿತ್ರ ಬಂದ ವರ್ಷವನ್ನು ನೆನಪಿಟ್ಟುಕೊಂಡರೆ ಈ ಒದೆಯ ತೂಕ ತಿಳಿಯುತ್ತದೆ. 1917ರ ಫೆಬ್ರವರಿಯಲ್ಲಿ, ಅಧ್ಯಕ್ಷ ವಿಲ್ಸನ್ ಅವರ ನಿರಾಕರಣೆಯನ್ನೂ ಮೀರಿ, ಅಮೆರಿಕದ ಸಂಸತ್ತು ವಲಸಿಗರಿಗೆ ಓದು ಬರಹದ ಪರೀಕ್ಷೆಯನ್ನು ಕಡ್ಡಾಯ ಮಾಡುವ ಕಾಯಿದೆಯನ್ನು ತಂದಿತ್ತು. ನಮ್ಮ ದೇಶದವರೂ ಸೇರಿದಂತೆ ಏಷ್ಯಾದ ಬಹುಭಾಗದ ಜನರಿಗೆ ಬಾಗಿಲು ಮುಚ್ಚಿದ್ದು ಅದೇ ಕಾಯಿದೆ. ಹಣದ ಪರೀಕ್ಷೆಯಂತೂ ಅದಕ್ಕೂ ಹಳೆಯದು: ಸರ್ಕಾರಕ್ಕೆ ಹೊರೆಯಾಗಬಹುದಾದವರನ್ನು ಹಿಂದಕ್ಕೆ ಕಳಿಸುವ ಅಧಿಕಾರ 1882ರಿಂದಲೇ ಇತ್ತು, ನ್ಯೂಯಾರ್ಕ್ ಬಂದರಿನಲ್ಲಿ ವಲಸಿಗರನ್ನು ತಪಾಸಣೆ ಮಾಡುತ್ತಿದ್ದ ಎಲ್ಲಿಸ್ ದ್ವೀಪದ ಕಮಿಷನರ್ ವಿಲಿಯಂ ವಿಲಿಯಮ್ಸ್ 1909ರಲ್ಲಿ ಬಂದಿಳಿಯುವವರ ಕೈಯಲ್ಲಿ 25 ಡಾಲರ್ ಇರಬೇಕೆಂದು ಸೂಚಿಸಿದ್ದರು. ಕಳುವಾದ ಗಂಟಿಗಾಗಿ ಆ ತಾಯಿ ಮಗಳು ಅಷ್ಟು ಅತ್ತದ್ದಕ್ಕೆ ಕಾರಣ ಹಸಿವೊಂದೇ ಆಗಿರಲಾರದು ಎಂಬುದು ಅಂದಿನ ಪ್ರೇಕ್ಷಕರಲ್ಲಿ ಅನೇಕರಿಗೆ ಸ್ವಂತ ಅನುಭವದಿಂದ ತಿಳಿದಿದ್ದ ಮಾತು.

ಎರಡನೆಯ ಭಾಗ ಬೀದಿಯಲ್ಲಿ ಆರಂಭವಾಗುತ್ತದೆ. ಚಾರ್ಲಿ ಹಸಿದಿದ್ದಾನೆ, ಕೈಯಲ್ಲಿ ಬಿಡಿಗಾಸಿಲ್ಲ. ಹೋಟೆಲಿನ ಎದುರಿನ ಕಾಲುದಾರಿಯಲ್ಲಿ ಅವನಿಗೊಂದು ನಾಣ್ಯ ಸಿಗುತ್ತದೆ, ಅದನ್ನು ಸಂತೋಷದಿಂದ ಜೇಬಿಗೆ ಹಾಕಿಕೊಳ್ಳುತ್ತಾನೆ, ಜೇಬಿನಲ್ಲಿ ತೂತಿದೆ. ನಾಣ್ಯ ಪ್ಯಾಂಟಿನೊಳಗಿಂದ ಜಾರಿ ಮತ್ತೆ ಕಾಲುದಾರಿಗೇ ಬೀಳುತ್ತದೆ, ಅವನು ನೋಡದೆ ಒಳಗೆ ಹೋಗುತ್ತಾನೆ. ಇಲ್ಲಿಂದ ಮುಂದೆ ಸುಮಾರು ಹತ್ತು ನಿಮಿಷ ನಾವು ನೋಡುವ ಪ್ರತಿಯೊಂದು ನಗುವಿನ ಕೆಳಗೂ ಈ ಒಂದು ತಿಳಿವಳಿಕೆ ಇರುತ್ತದೆ. ಅವನು ಅವರೆಕಾಳಿನಂಥ ಬೀನ್ಸ್ ತರಿಸಿಕೊಂಡು ಒಂದೊಂದೇ ಕಾಳನ್ನು ಬಾಯಿಗಿಡುತ್ತಾನೆ, ತೆಗೆಯಬೇಕಾದ ಟೊಪ್ಪಿಗೆಯ ವಿಷಯದಲ್ಲಿ ವೇಟರನೊಂದಿಗೆ ಜಟಾಪಟಿ ನಡೆಸುತ್ತಾನೆ, ಪಕ್ಕದ ಗಿರಾಕಿಗೆ ಕಿರಿಕಿರಿ ಮಾಡುತ್ತಾನೆ. ಆಗೆಲ್ಲ ನಾವು ನಗುತ್ತಿದ್ದರೂ, ಇವನು ತಿನ್ನುವ ಒಂದೊಂದು ಕಾಳೂ ತೀರಿಸಲಾಗದ ಸಾಲ ಎಂಬುದು ನಮ್ಮ ತಲೆಯಲ್ಲಿ ಕೂತಿರುತ್ತದೆ.

ಅದೇ ಹೋಟೆಲಿನಲ್ಲಿ ಅವನಿಗೆ ಹಡಗಿನ ಹುಡುಗಿ ಕಾಣಿಸುತ್ತಾಳೆ. ಅವಳನ್ನು ತನ್ನ ಮೇಜಿಗೆ ಕರೆದು ಕೂರಿಸಿಕೊಂಡು ಅವಳಿಗೂ ಊಟ ತರಿಸುತ್ತಾನೆ. ಮಾತಾಡುವಾಗ ಅವಳ ಕೈಯಲ್ಲಿನ ಕರವಸ್ತ್ರದ ಅಂಚು ಕಪ್ಪಾಗಿರುವುದನ್ನು ಗಮನಿಸುತ್ತಾನೆ. ತಾಯಿ ತೀರಿಹೋಗಿದ್ದಾಳೆ ಎಂಬುದು ಅಲ್ಲಿಗೆ ತಿಳಿಯುತ್ತದೆ. ಇದಕ್ಕೆ ಒಂದು ಬರಹದ ಫಲಕವನ್ನೂ ಬಳಸಿಲ್ಲ. ಒಂದು ಕರವಸ್ತ್ರ, ಚಾರ್ಲಿಯ ಮುಖ, ಮತ್ತೆ ಹುಡುಗಿಯ ಮುಖ, ಅಷ್ಟೇ. ಸಾವಿನ ಸುದ್ದಿಯನ್ನು ಹಾಸ್ಯದ ನಡುವೆ ಇಷ್ಟು ಹಗುರವಾಗಿ ತಂದರೂ ಅದನ್ನು ಹಗುರ ಮಾಡದೆ ಮುಂದೆ ಸಾಗುವುದು ಬಹಳ ಕಷ್ಟದ ಕೆಲಸ. ಎಡ್ನಾ ಇಲ್ಲಿ ಮಾಡಿರುವುದು ತೀರಾ ಕಡಿಮೆ, ಮತ್ತು ಆ ಕಡಿಮೆಯೇ ಸರಿಯಾಗಿದೆ.

ಭಯ ಒಳಗೆ ಬರುವುದು ಇದಾದ ಮೇಲೆ. ಇನ್ನೊಂದು ಮೇಜಿನ ಗಿರಾಕಿಯೊಬ್ಬನನ್ನು ವೇಟರುಗಳೆಲ್ಲ ಸೇರಿ ಹಿಗ್ಗಾಮುಗ್ಗಾ ಬಡಿದು ಹೊರಗೆ ಎಸೆಯುತ್ತಾರೆ. ಅವನೇನು ತಪ್ಪು ಮಾಡಿದ ಎಂದು ಚಾರ್ಲಿ ಕೇಳುತ್ತಾನೆ. ಹತ್ತು ಸೆಂಟ್ ಕಡಿಮೆ ಕೊಟ್ಟ ಎಂದು ವೇಟರ್ ಉತ್ತರಿಸುತ್ತಾನೆ. ಈ ವೇಟರನಾಗಿ ಎರಿಕ್ ಕ್ಯಾಂಪ್‌ಬೆಲ್ ಇದ್ದಾರೆ: ಆರೂವರೆ ಅಡಿಗೆ ಹತ್ತಿರದ ಎತ್ತರ, ದೊಡ್ಡ ಮೈ, ಕಣ್ಣುಗಳ ಮೇಲೆ ದಪ್ಪಗೆ ಬಳಿದ ಹುಬ್ಬುಗಳು. ಬೇರೆ ಚಿತ್ರಗಳಲ್ಲಿ ಅವರ ಕೋಪ ರಂಗಭೂಮಿಯ ರಾಕ್ಷಸನ ಕೋಪದಂತೆ ಕಂಡರೂ ಇಲ್ಲಿ ಅದಕ್ಕೆ ಒಂದು ಲೆಕ್ಕವಿದೆ. ಹತ್ತು ಸೆಂಟಿಗೆ ಅಷ್ಟು ಏಟು ಎಂದಾದರೆ ಇಡೀ ಬಿಲ್ಲಿಗೆ ಎಷ್ಟಾದೀತು ಎಂದು ಚಾರ್ಲಿಯ ಜೊತೆ ನಾವೂ ಗುಣಿಸತೊಡಗುತ್ತೇವೆ. ಅವನು ಮೆಲ್ಲಗೆ ಜೇಬಿಗೆ ಕೈ ಹಾಕುತ್ತಾನೆ. ಬೆರಳುಗಳು ತೂತಿನಲ್ಲಿ ಹೊರಬರುತ್ತವೆ.

ಬೀದಿಯಲ್ಲಿ ಬಿದ್ದ ನಾಣ್ಯ ಆ ಹೊತ್ತಿಗೆ ಬೇರೊಬ್ಬ ಬಡವನಿಗೆ ಸಿಕ್ಕಿದೆ. ಅವನು ಒಳಗೆ ಬಂದು, ತನ್ನ ಬಿಲ್ಲಿಗೆ ಅದನ್ನೇ ಕೊಡುತ್ತಾನೆ. ವೇಟರನ ಜೇಬಿನಲ್ಲೂ ತೂತಿರುವುದರಿಂದ ನಾಣ್ಯ ಚಾರ್ಲಿಯ ಮೇಜಿನ ಹತ್ತಿರ ನೆಲಕ್ಕೆ ಬೀಳುತ್ತದೆ. ಹೊಡೆಯುವವನ ಜೇಬೂ ಹೊಡೆಸಿಕೊಳ್ಳುವವನ ಜೇಬಿನಷ್ಟೇ ಹರಿದಿದೆ ಎಂಬುದನ್ನು ಚಾಪ್ಲಿನ್ ಎತ್ತಿ ಆಡುವುದಿಲ್ಲ, ತೋರಿಸಿ ಮುಂದೆ ಹೋಗುತ್ತಾರೆ. ಚಾರ್ಲಿ ನಾಣ್ಯದ ಮೇಲೆ ಕಾಲಿಡುತ್ತಾನೆ. ಆಮೇಲೆ ವೇಟರನ ಕಣ್ಣು ತಪ್ಪಿಸಿ ಅದನ್ನು ಎತ್ತಿಕೊಳ್ಳಲು ಅವನು ಪಡುವ ಪಾಡನ್ನು ಗಮನವಿಟ್ಟು ನೋಡಬೇಕು. ವೇಟರ್ ತಿರುಗಿದಾಗಲೆಲ್ಲ ಕಾಲು ಮತ್ತೆ ನಾಣ್ಯದ ಮೇಲೆ, ಮುಖದಲ್ಲಿ ಮತ್ತೆ ಏನೂ ಆಗಿಲ್ಲವೆಂಬ ಭಾವ. ಇಲ್ಲಿ ಓಟವಿಲ್ಲ, ಬೀಳುವುದಿಲ್ಲ, ಬಹುಪಾಲು ಅಭಿನಯ ಒಂದು ಮೇಜು ಮತ್ತು ಅದರ ಕೆಳಗಿನ ಎರಡು ಅಡಿ ನೆಲದ ನಡುವೆ ನಡೆಯುತ್ತದೆ. ಸ್ಲ್ಯಾಪ್‌ಸ್ಟಿಕ್ ಎಂದರೆ ಬರೀ ಹೊಡೆದಾಟ ಎಂದುಕೊಂಡವರಿಗೆ ಈ ಭಾಗವನ್ನು ತೋರಿಸಬೇಕು.

ಕೊನೆಗೂ ನಾಣ್ಯ ಕೈಗೆ ಬರುತ್ತದೆ, ಚಾರ್ಲಿ ದೊಡ್ಡ ಸಾಹುಕಾರನ ಗತ್ತಿನಲ್ಲಿ ಅದನ್ನು ವೇಟರನಿಗೆ ಕೊಡುತ್ತಾನೆ. ವೇಟರ್ ಹಲ್ಲಿನಿಂದ ಕಚ್ಚಿ ನೋಡುತ್ತಾನೆ, ನಾಣ್ಯ ಬಾಗುತ್ತದೆ, ಖೋಟಾ. ಹಡಗಿನ ಮೇಲೆ ನಡೆದ ಹಣದ ಸುತ್ತಿಗೂ ಹೋಟೆಲಿನ ಹಣದ ಸುತ್ತಿಗೂ ಇರುವ ಸಂಬಂಧ ನನಗೆ ಹೊಳೆಯುವುದು ಈ ಕ್ಷಣದಲ್ಲಿ. ಎರಡೂ ಕಡೆ ಹಣ ಹಲವು ಕೈ ದಾಟಿ ಹೊರಟ ಜಾಗಕ್ಕೇ ಬರುತ್ತದೆ. ಸಮುದ್ರದ ಮೇಲೆ, ಬಡವರ ಬಡವರ ನಡುವೆ ಅದು ಸುತ್ತಿದಾಗ ಕೊನೆಗೆ ಸೇರಬೇಕಾದವರನ್ನು ಸೇರಿತು. ಸ್ವಾತಂತ್ರ್ಯದ ನಾಡಿನಲ್ಲಿ ಅದೇ ಸುತ್ತು ಮುಗಿದಾಗ ನಾಣ್ಯವೇ ಸುಳ್ಳು ಎಂದಾಯಿತು. ಹಗ್ಗ ಹಾಕಿ ಜನರನ್ನು ಕೂಡಿಹಾಕಿದ ದೃಶ್ಯಕ್ಕಿಂತ ಕಟುವಾದ ಟೀಕೆ ಇದು. ವಿಮರ್ಶಕರು ಹಗ್ಗದ ದೃಶ್ಯದ ಬಗ್ಗೆ ಬರೆದಷ್ಟು ಈ ಬಾಗಿದ ನಾಣ್ಯದ ಬಗ್ಗೆ ಬರೆಯದಿರುವುದು ನನಗೆ ಸರಿಕಾಣುವುದಿಲ್ಲ.

ಆಮೇಲೆ ಬರುವ ದೃಶ್ಯವಂತೂ ನಮ್ಮವರಿಗಾಗಿಯೇ ಬರೆದಂತಿದೆ. ಒಬ್ಬ ಚಿತ್ರಕಾರ, ಹೆನ್ರಿ ಬರ್ಗ್‌ಮನ್ ಅವರ ಪಾತ್ರ, ಹುಡುಗಿಯನ್ನೂ ಚಾರ್ಲಿಯನ್ನೂ ಕಂಡು ಮೆಚ್ಚಿ, ತನ್ನ ಚಿತ್ರಗಳಿಗೆ ರೂಪದರ್ಶಿಗಳಾಗಬೇಕೆಂದು ಕೇಳುತ್ತಾನೆ, ಅವರ ಬಿಲ್ಲನ್ನೂ ತಾನೇ ಕೊಡಲು ಮುಂದಾಗುತ್ತಾನೆ. ಚಾರ್ಲಿ ಉಪಚಾರಕ್ಕೆ ಬೇಡವೆನ್ನುತ್ತಾನೆ. ಚಿತ್ರಕಾರ ಒತ್ತಾಯಿಸುತ್ತಾನೆ, ಚಾರ್ಲಿ ಮತ್ತೆ ಬೇಡವೆನ್ನುತ್ತಾನೆ. ಮದುವೆ ಮನೆಯ ಪಂಕ್ತಿಯಲ್ಲಿ ಸಾಕು ಸಾಕು ಎನ್ನುತ್ತಲೇ ಎಲೆಯ ಮೇಲಿನ ಕೈಯನ್ನು ಸ್ವಲ್ಪ ಸರಿಸುವಂತೆ, ಈ ಬೇಡದ ಒಳಗೆ ಬೇಕು ಎಂಬುದು ತುಂಬಿಕೊಂಡಿದೆ. ಆದರೆ ಚಾರ್ಲಿ ಒಂದು ಸಲ ಹೆಚ್ಚಾಗಿ ಬೇಡ ಎಂದುಬಿಡುತ್ತಾನೆ, ಚಿತ್ರಕಾರ ಸರಿ ಎಂದು ಸುಮ್ಮನಾಗುತ್ತಾನೆ. ಆಗಿನ ಚಾರ್ಲಿಯ ಮುಖವನ್ನು ವರ್ಣಿಸಲು ನಾನು ಹೋಗುವುದಿಲ್ಲ. ಮರ್ಯಾದೆ ಉಳಿಸಿಕೊಳ್ಳಲು ಬಡವನು ತೆರುವ ಬೆಲೆ ಎಷ್ಟೆಂಬುದನ್ನು ಅಷ್ಟು ಚಿಕ್ಕ ಜಾಗದಲ್ಲಿ ಅಷ್ಟು ಸ್ಪಷ್ಟವಾಗಿ ತೋರಿಸಿದ ಇನ್ನೊಂದು ದೃಶ್ಯ ನನಗೆ ನೆನಪಾಗುವುದಿಲ್ಲ. ಕೊನೆಗೆ ಚಿತ್ರಕಾರ ವೇಟರನಿಗೆಂದು ತಟ್ಟೆಯಲ್ಲಿ ಬಿಟ್ಟ ಚಿಲ್ಲರೆಗೆ ಚಾರ್ಲಿ ತನ್ನ ಬಿಲ್ಲನ್ನು ಜೋಡಿಸಿ, ಆ ಟಿಪ್ಸಿನಿಂದಲೇ ತನ್ನ ಊಟದ ಲೆಕ್ಕ ಚುಕ್ತಾ ಮಾಡುತ್ತಾನೆ.

ಈ ಹೋಟೆಲಿನ ಭಾಗ ಹೇಗೆ ರೂಪುಗೊಂಡಿತು ಎಂಬುದು ನಮಗೆ ಅಪರೂಪದ ನಿಖರತೆಯಿಂದ ಗೊತ್ತಿದೆ. ಮ್ಯೂಚುವಲ್ ಚಿತ್ರಗಳಿಗಾಗಿ ತೆಗೆದು ಬಳಸದೆ ಬಿಟ್ಟಿದ್ದ ತುಣುಕುಗಳನ್ನು ಕೆವಿನ್ ಬ್ರೌನ್‌ಲೋ ಮತ್ತು ಡೇವಿಡ್ ಗಿಲ್ ಜೋಡಿಸಿ, 1983ರಲ್ಲಿ ‘ಅನ್‌ನೋನ್ ಚಾಪ್ಲಿನ್’ ಎಂಬ ಸಾಕ್ಷ್ಯಚಿತ್ರ ಸರಣಿ ಮಾಡಿದರು. ಚಾಪ್ಲಿನ್ ಮೊದಲು ಚಿತ್ರೀಕರಿಸಿದ್ದು ಹೋಟೆಲನ್ನು, ಹಡಗಿನ ಯೋಚನೆ ಆಮೇಲೆ ಬಂದದ್ದು ಎಂಬುದು ಅದರಿಂದ ತಿಳಿಯಿತು. ವೇಟರನ ಪಾತ್ರವನ್ನು ಮೊದಲು ಮಾಡಿದ್ದವರು ಹೆನ್ರಿ ಬರ್ಗ್‌ಮನ್. ಅವರ ದುಂಡನೆಯ ಮೈ, ಸೌಮ್ಯ ಮುಖಗಳಿಂದ ಹೆದರಿಕೆ ಹುಟ್ಟುತ್ತಿರಲಿಲ್ಲ. ಹೆದರಿಕೆಯಿಲ್ಲದೆ ಬಿಲ್ಲಿಗೆ ತೂಕವಿಲ್ಲ. ಚಾಪ್ಲಿನ್ ಬರ್ಗ್‌ಮನ್ ಅವರನ್ನು ಚಿತ್ರಕಾರನನ್ನಾಗಿ ಮಾಡಿ, ಕ್ಯಾಂಪ್‌ಬೆಲ್ ಅವರನ್ನು ವೇಟರನಾಗಿ ತಂದು, ದೃಶ್ಯವನ್ನು ಮತ್ತೆ ತೆಗೆದರು. ಇಬ್ಬರೂ ಹಸಿದವರು ಆ ಹೋಟೆಲಿಗೆ ಎಲ್ಲಿಂದ ಬಂದರು ಎಂಬ ಪ್ರಶ್ನೆಗೆ ಉತ್ತರ ಹುಡುಕುತ್ತಾ ಅವರು ಹಡಗಿಗೆ ಹೋದರು. ಹೀಗೆ ಒಂದು ತೀರಿಸಲಾಗದ ಬಿಲ್ಲಿನಿಂದ ಹಿಂದಕ್ಕೆ ಹೊರಟು ಒಂದು ಇಡೀ ವಲಸೆಯ ಕಥೆಯನ್ನು ಅವರು ಕಟ್ಟಿದರು. ಕ್ಯಾಂಪ್‌ಬೆಲ್ ಅದೇ ವರ್ಷದ ಡಿಸೆಂಬರಿನಲ್ಲಿ ಲಾಸ್ ಏಂಜಲೀಸ್‌ನಲ್ಲಿ ಕಾರು ಅಪಘಾತದಲ್ಲಿ ತೀರಿಕೊಂಡರು, ಅವರ ಜಾಗಕ್ಕೆ ಅಂಥ ಇನ್ನೊಬ್ಬ ಎದುರಾಳಿ ಚಾಪ್ಲಿನ್ ಅವರಿಗೆ ಸಿಗಲಿಲ್ಲ ಎಂಬುದು ನನ್ನ ಅಭಿಪ್ರಾಯ.

ಹಣದ ವಿಷಯಕ್ಕೆ ಬಂದರೆ ಇದರ ಜೊತೆ ನೋಡಬೇಕಾದ ಇನ್ನೊಂದು ಮ್ಯೂಚುವಲ್ ಚಿತ್ರ 1916ರ ಅಕ್ಟೋಬರ್ 2ರಂದು ಬಿಡುಗಡೆಯಾದ ‘ದಿ ಪಾನ್‌ಶಾಪ್’. ಅದರಲ್ಲಿ ಚಾರ್ಲಿ ಗಿರವಿ ಅಂಗಡಿಯ ಗುಮಾಸ್ತ. ಅಂದರೆ ಕಟ್ಟೆಯ ಆಚೆ ನಿಂತು ಬೇರೆಯವರ ವಸ್ತುಗಳಿಗೆ ಬೆಲೆ ಕಟ್ಟುವವನು. ಆಲ್ಬರ್ಟ್ ಆಸ್ಟಿನ್ ಪಾತ್ರದ ಗಿರಾಕಿ ಒಂದು ಅಲಾರಾಂ ಗಡಿಯಾರವನ್ನು ಗಿರವಿ ಇಡಲು ತರುತ್ತಾನೆ. ಚಾರ್ಲಿ ಅದಕ್ಕೆ ವೈದ್ಯರ ಸ್ಟೆತಸ್ಕೋಪ್ ಇಟ್ಟು ಎದೆಬಡಿತ ಕೇಳುತ್ತಾನೆ, ಡಬ್ಬಿ ತೆರೆಯುವ ಉಪಕರಣದಿಂದ ಅದರ ಬೆನ್ನು ಕೊಯ್ಯುತ್ತಾನೆ, ಒಳಗಿನದನ್ನೆಲ್ಲ ಒಂದೊಂದಾಗಿ ಕೀಳುತ್ತಾನೆ, ಸ್ಪ್ರಿಂಗನ್ನು ಬಟ್ಟೆಯಂಗಡಿಯ ಲಾಡಿಯಂತೆ ಅಳೆಯುತ್ತಾನೆ, ಕೊನೆಗೆ ಚೂರುಗಳನ್ನೆಲ್ಲ ಗಿರಾಕಿಯ ಟೊಪ್ಪಿಗೆಗೆ ಸುರಿದು ತಲೆಯಾಡಿಸಿ ವಾಪಸು ಕೊಡುತ್ತಾನೆ. ಬಹುಮಟ್ಟಿಗೆ ಒಂದೇ ಕಡೆ ಇಟ್ಟ ಕ್ಯಾಮೆರಾದ ಎದುರು ನಡೆಯುವ ಈ ಅಭಿನಯ ಕೈಚಳಕದ ದೃಷ್ಟಿಯಿಂದ ‘ದಿ ಇಮಿಗ್ರೆಂಟ್’ನಲ್ಲಿರುವ ಎಲ್ಲಕ್ಕಿಂತ ಮಿಗಿಲು. ಆದರೂ ನನಗೆ ನೆನಪಿನಲ್ಲಿ ಉಳಿಯುವುದು ಆ ಗಿರಾಕಿಯ ಮುಖ. ಅವನು ಪ್ರತಿಭಟಿಸದೆ, ಪರಿಣತರು ಪರೀಕ್ಷಿಸುತ್ತಿದ್ದಾರೆ ಎಂಬ ನಂಬಿಕೆಯಿಂದ ನೋಡುತ್ತಾ ನಿಂತಿರುತ್ತಾನೆ. ಹಣ ಬೇಕಾಗಿ ಬಂದವನು ಕಟ್ಟೆಯ ಆಚೆಯವರ ಮುಂದೆ ಎಷ್ಟು ಮೆತ್ತಗಾಗುತ್ತಾನೆ ಎಂಬುದನ್ನು ಆ ಮುಖ ಹೇಳುತ್ತದೆ. ಚಿತ್ರದ ಉಳಿದ ಭಾಗ, ಏಣಿ, ಧೂಳು, ಗುಮಾಸ್ತರ ಜಗಳ ಇವೆಲ್ಲ ಸಾಧಾರಣ.

‘ದಿ ಇಮಿಗ್ರೆಂಟ್’ನಲ್ಲೂ ಕೊರತೆಗಳಿವೆ. ಕೊನೆಯ ದೃಶ್ಯ ಅವಸರದ್ದು. ಮಳೆಯಲ್ಲಿ ಚಾರ್ಲಿ ಚಿತ್ರಕಾರನಿಂದ ಮುಂಗಡ ಹಣ ಕೇಳಿ ಪಡೆದು, ನಾಚಿ ಹಿಂಜರಿಯುವ ಹುಡುಗಿಯನ್ನು ಎತ್ತಿಕೊಂಡು ಮದುವೆಯ ಪರವಾನಗಿ ಕೊಡುವ ಕಚೇರಿಯೊಳಗೆ ಹೋಗುತ್ತಾನೆ. ಅಲ್ಲಿಯವರೆಗೆ ಕಾಸಿಗೆ ಕಾಸು ಲೆಕ್ಕ ಇಟ್ಟ ಚಿತ್ರ ಇಲ್ಲಿ ಒಬ್ಬ ಉದಾರ ಧನಿಕನ ಕೈಯಿಂದ ಎಲ್ಲವನ್ನೂ ಸರಿಪಡಿಸಿಬಿಡುತ್ತದೆ. ಈ ಅದೃಷ್ಟವನ್ನು ನಂಬುವುದು ಕಷ್ಟ. ಆದರೂ ಮದುವೆಯೂ ಮುಂಗಡ ಸಂಬಳದ ಮೇಲೆಯೇ ನಡೆಯಬೇಕಾಗಿದೆ ಎಂಬ ಒಂದು ವಿವರದಿಂದ ಚಿತ್ರ ತನ್ನ ನಿಷ್ಠೆಯನ್ನು ಸ್ವಲ್ಪ ಉಳಿಸಿಕೊಳ್ಳುತ್ತದೆ. ಹುಡುಗಿಯ ಪಾತ್ರಕ್ಕೆ ಬೆಳೆಯಲು ಅವಕಾಶ ಕೊಟ್ಟಿಲ್ಲ ಎಂಬುದು ಇನ್ನೊಂದು ಕೊರತೆ. ಅವಳು ಹೊಸ ದೇಶದಲ್ಲಿ ಒಬ್ಬಂಟಿಯಾಗಿ ಹೇಗೆ ದಿನ ದೂಡಿದಳು ಎಂಬುದನ್ನು ತಿಳಿಯಬೇಕೆಂಬ ಆಸೆ ನನ್ನಲ್ಲಿ ಪ್ರತಿ ಸಲವೂ ಉಳಿದುಬಿಡುತ್ತದೆ.

ಮಾತಿಲ್ಲದೆ ಹಣದ ಕಥೆ ಹೇಳುವ ಈ ಪರಂಪರೆಗೆ ನಮ್ಮ ಬೆಂಗಳೂರಿನಲ್ಲೂ ಒಂದು ಕೊಂಡಿ ಇದೆ. ಸಿಂಗೀತಂ ಶ್ರೀನಿವಾಸರಾವ್ ನಿರ್ದೇಶಿಸಿ, ಕನ್ನಡದ ಶೃಂಗಾರ್ ನಾಗರಾಜ್ ನಿರ್ಮಾಣದಲ್ಲಿ ಕೈಜೋಡಿಸಿದ್ದ, 1987ರ ‘ಪುಷ್ಪಕ ವಿಮಾನ’ ಬೆಂಗಳೂರಿನಲ್ಲೇ ಚಿತ್ರೀಕರಣಗೊಂಡದ್ದು. ಅದರಲ್ಲಿ ನಿರುದ್ಯೋಗಿ ನಾಯಕನೂ ರಸ್ತೆ ಬದಿಯ ಭಿಕ್ಷುಕನೂ ತಮ್ಮ ತಮ್ಮ ಹಣವನ್ನು ಒಬ್ಬರಿಗೊಬ್ಬರು ತೋರಿಸಿಕೊಳ್ಳುವ ದೃಶ್ಯವನ್ನು ನೋಡಿದವರಿಗೆ, ಹೋಟೆಲಿನ ಮೇಜಿನ ಕೆಳಗೆ ಚಾರ್ಲಿ ಕಾಲಿನಿಂದ ಒತ್ತಿ ಹಿಡಿದ ಆ ನಾಣ್ಯ ಅಪರಿಚಿತವೆನಿಸುವುದಿಲ್ಲ.

ಇನ್ನು ಯಾವ ಪ್ರತಿಯನ್ನು ನೋಡಬೇಕು ಎಂಬ ಪ್ರಶ್ನೆ. ಅಂತರ್ಜಾಲದಲ್ಲಿ ಈ ಚಿತ್ರದ ಪ್ರತಿಗಳು ಬೇಕಾದಷ್ಟು ಸಿಗುತ್ತವೆ, ಅವುಗಳಲ್ಲಿ ಹೆಚ್ಚಿನವು ಚಿತ್ರಕ್ಕೆ ಅನ್ಯಾಯ ಮಾಡುತ್ತವೆ. ಮೂಕಿ ಕಾಲದಲ್ಲಿ ತೆಗೆದ ಫಿಲ್ಮನ್ನು ಟಾಕಿಯ ವೇಗದಲ್ಲಿ, ಅಂದರೆ ಸೆಕೆಂಡಿಗೆ 24 ಚೌಕಟ್ಟುಗಳಂತೆ ಓಡಿಸಿದರೆ ಎಲ್ಲರೂ ಗೊಂಬೆಗಳಂತೆ ದಡಬಡಿಸತೊಡಗುತ್ತಾರೆ, ಜೇಬಿಗೆ ಕೈ ಹಾಕುವ ಮುಂಚಿನ ಆ ತಡೆತ, ಬೇಡ ಎಂದ ಮೇಲಿನ ಆ ಮೌನ, ಎರಡೂ ಕಣ್ಣಿಗೆ ಬೀಳದೆ ಹೋಗುತ್ತವೆ. 1932ರಲ್ಲಿ ವ್ಯಾನ್ ಬ್ಯೂರೆನ್ ಕಂಪನಿ ಮ್ಯೂಚುವಲ್ ಚಿತ್ರಗಳನ್ನು ಕೊಂಡು ಅವುಗಳಿಗೆ ಜಾಝ್ ಸಂಗೀತವನ್ನೂ ಢಣ್, ಟುಯ್ ಎಂಬ ಶಬ್ದಗಳನ್ನೂ ಸೇರಿಸಿತ್ತು. ಹಿಂದೆ ಬಹಳ ಜನ ಕಂಡದ್ದು ಆ ರೂಪಗಳನ್ನೇ. ಬಿದ್ದ ನಾಣ್ಯಕ್ಕೆ ಯಾವ ಶಬ್ದವನ್ನು ಸೇರಿಸಿದರೂ ದೃಶ್ಯದ ಮುಕ್ಕಾಲು ಪಾಲು ಕಳೆದುಹೋಗುತ್ತದೆ, ಏಕೆಂದರೆ ಚಾರ್ಲಿಗೆ ಆ ಶಬ್ದ ಕೇಳಿಸಬಾರದು ಎಂಬುದೇ ದೃಶ್ಯದ ಆಧಾರ.

ಇಟಲಿಯ ಬೊಲೋನಾದ ಸಿನೆಟೆಕಾ ಎಂಬ ಚಲನಚಿತ್ರ ಸಂಗ್ರಹಾಲಯ ಮತ್ತು ಪ್ಯಾರಿಸ್ಸಿನ ಲಾಬ್‌ಸ್ಟರ್ ಫಿಲ್ಮ್ಸ್ ಸೇರಿ, ಬೇರೆ ಬೇರೆ ಸಂಗ್ರಹಾಲಯಗಳ ಹಳೆಯ ಪ್ರತಿಗಳನ್ನು ಹೋಲಿಸಿ, ಮ್ಯೂಚುವಲ್ ಚಿತ್ರಗಳನ್ನೆಲ್ಲ ಪುನರುದ್ಧಾರ ಮಾಡಿವೆ. ಅಮೆರಿಕದಲ್ಲಿ ಫ್ಲಿಕರ್ ಆಲಿ, ಇಂಗ್ಲೆಂಡಿನಲ್ಲಿ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಇವುಗಳನ್ನು ಬ್ಲೂ-ರೇ ತಟ್ಟೆಗಳಲ್ಲಿ ಹೊರತಂದಿವೆ. ಇವುಗಳಲ್ಲಿ ಹುಡುಗಿಯ ಕರವಸ್ತ್ರದ ಕಪ್ಪು ಅಂಚು ಸ್ಪಷ್ಟವಾಗಿ ಕಾಣುತ್ತದೆ. ಮಸುಕಾದ ಪ್ರತಿಗಳಲ್ಲಿ ಅದು ಬರೀ ಒಂದು ಬಟ್ಟೆ, ತಾಯಿಯ ಸಾವು ಯಾರಿಗೂ ತಿಳಿಯದೆ ಹೋಗುತ್ತದೆ. ಬ್ರಿಟಿಷ್ ಆವೃತ್ತಿಯಲ್ಲಿ ಕಾರ್ಲ್ ಡೇವಿಸ್ ಅವರ ಸಂಗೀತವಿದೆ, ಅದು ಅಭಿನಯದ ಮೇಲೆ ಏರಿ ಬರದೆ ಅದರ ಜೊತೆಯಲ್ಲಿ ನಡೆಯುತ್ತದೆ. ಬೆಲೆ ನಮ್ಮಲ್ಲಿ ದುಬಾರಿಯೇ, ಆದ್ದರಿಂದ ಗ್ರಂಥಾಲಯಗಳೂ ಊರಿನ ಚಿತ್ರಸಮಾಜಗಳೂ ತರಿಸಿಕೊಂಡರೆ ಹೆಚ್ಚು ಜನಕ್ಕೆ ಉಪಯೋಗವಾದೀತು. ಶಾಲೆಗಳಲ್ಲಿ ತೋರಿಸುವವರು ಬರಹದ ಫಲಕಗಳು ಇಂಗ್ಲಿಷಿನಲ್ಲಿವೆ ಎಂದು ಹಿಂಜರಿಯಬೇಕಾಗಿಲ್ಲ. ಅವು ಬೆರಳೆಣಿಕೆಯಷ್ಟೇ ಇವೆ. ಒಬ್ಬರು ಪಕ್ಕದಲ್ಲಿ ನಿಂತು ಅವುಗಳನ್ನು ಕನ್ನಡದಲ್ಲಿ ಓದಿದರೆ ಸಾಕು, ಹತ್ತು ಸೆಂಟಿನ ಮಾತೊಂದನ್ನು ಮಾತ್ರ ಯಾವ ಮಗುವಿಗೂ ತಪ್ಪಿಹೋಗದಂತೆ ಗಟ್ಟಿಯಾಗಿ ಹೇಳಬೇಕು.